ಕು ಚಿ ಸುರಂಗಕ್ಕೆ ಅಪ್ಪಯ್ಯನನ್ನು ಕರೆದುಕೊಂಡು ಹೋಗಬೇಕು. ನಮಗೇ ಅಂತ ಒಬ್ಬ ಗೈಡ್ ಮಾಡಿಕೊಳ್ಳಲಾ?

ತುಂಗಾತೀರ, ತೀರ್ಥಹಳ್ಳಿ | ನವೆಂಬರ್ 9

ಎಲ್ಲರಿಗೂ ನಮಸ್ಕಾರ.

ಬರುವ ಫೆಬ್ರವರಿಯಲ್ಲಿ ಅಪ್ಪಯ್ಯನನ್ನು ವಿಯೆಟ್ನಾಂಗೆ ಕರೆದುಕೊಂಡು ಹೋಗುತ್ತಿದ್ದೇನೆ. ನಾವಿಬ್ಬರೇ. ಹೋ ಚಿ ಮಿನ್ ಸಿಟಿಯಲ್ಲಿ ನಾಲ್ಕು ದಿನ ಇರುತ್ತೇವೆ. ಅದರಲ್ಲಿ ಒಂದು ದಿನವನ್ನು ಪೂರ್ತಿ ಕು ಚಿ ಸುರಂಗಕ್ಕೆ ಅಂತ ಎತ್ತಿಟ್ಟಿದ್ದೇನೆ. ನಿಜ ಹೇಳಬೇಕೆಂದರೆ ನಾವು ಹೊರಟಿರುವುದೇ ಆ ಒಂದು ದಿನಕ್ಕಾಗಿ.

ಯಾಕೆ ಅಂತ ಹೇಳಿದರೆ ನಿಮಗೆ ಸಲಹೆ ಕೊಡುವುದು ಸುಲಭ. ಅಪ್ಪಯ್ಯನಿಗೆ 68 ವರ್ಷ. ಈಗ ಎರಡು ಎಕರೆ ಅಡಿಕೆ ತೋಟ ನೋಡಿಕೊಂಡಿದ್ದಾರೆ. ಪ್ರಾಯದಲ್ಲಿ, 1980ರ ದಶಕದಲ್ಲಿ, ವಾರಾಹಿ ಯೋಜನೆಯ ಕೆಲಸಕ್ಕೆ ಹೋಗುತ್ತಿದ್ದರು. ಹೊಸಂಗಡಿಯಲ್ಲಿ ನೆಲದೊಳಗಿನ ಪವರ್ ಹೌಸ್‌ಗೆ ಗುಡ್ಡ ಕೊರೆಯುವ ಕಾಲ ಅದು. ಅವರು ಕೊರೆಯುವವರಲ್ಲ, ಸ್ಟೋರಿನಲ್ಲಿ ಲೆಕ್ಕ ಬರೆಯುವವರು. ಎಷ್ಟು ಡ್ರಿಲ್ ಬಿಟ್ ಹೋಯಿತು, ಎಷ್ಟು ಸಿಡಿಮದ್ದು ಹೋಯಿತು, ಎಷ್ಟು ಲಾರಿ ಕಲ್ಲುಮಣ್ಣು ಹೊರಗೆ ಬಂತು, ಎಲ್ಲ ಅವರ ಪುಸ್ತಕದಲ್ಲಿ ಇರುತ್ತಿತ್ತಂತೆ. ಒಳಗಿಂದ ಬಂದವರ ಅಂಗಿಯ ಮದ್ದಿನ ವಾಸನೆ ಇನ್ನೂ ಮೂಗಿನಲ್ಲಿದೆ ಅನ್ನುತ್ತಾರೆ.

ಎರಡು ವರ್ಷದ ಹಿಂದೆ ಟಿವಿಯಲ್ಲಿ ಕು ಚಿ ಬಗ್ಗೆ ಬಂದಿತ್ತು. ವಿಯೆಟ್ನಾಂ ಯುದ್ಧದಲ್ಲಿ ಅಮೆರಿಕದ ಸೈನ್ಯದ ವಿರುದ್ಧ ಹೋರಾಡಿದವರು ನೆಲದೊಳಗೆ ಅಡಗಿ ಬದುಕಿದ ಜಾಗ ಅದು. ಗುದ್ದಲಿಯಲ್ಲಿ ಅಗೆದು, ಬಿದಿರಿನ ಬುಟ್ಟಿಯಲ್ಲಿ ಮಣ್ಣು ಹೊತ್ತು ಮಾಡಿದ ಸುರಂಗ, ಸುಮಾರು 250 ಕಿಲೋಮೀಟರ್ ಅಂದರು. ಶಿವಮೊಗ್ಗದಲ್ಲಿ ನೆಲದೊಳಗೆ ಇಳಿದವರು ತುಮಕೂರು ದಾಟಿ ಮೇಲೆ ಬಂದ ಹಾಗೆ. ಅಪ್ಪಯ್ಯ ಊಟ ಮಾಡುತ್ತಿದ್ದವರು ಕೈ ಒಣಗಿದರೂ ಏಳಲಿಲ್ಲ. "ನಮಗೆ ಕಂಪ್ರೆಸರ್ ಇತ್ತು, ಮದ್ದು ಇತ್ತು, ಇಂಜಿನಿಯರು ಇದ್ದರು. ಇವರು ಹೇಗೆ ಮಾಡಿದರು?" ಅಂತ ವಾರವಿಡೀ ಕೇಳಿದರು. ನನ್ನ ಹತ್ತಿರ ಉತ್ತರ ಇರಲಿಲ್ಲ. ಅವರೇ ಹೋಗಿ ಕೇಳಲಿ ಅನ್ನಿಸಿತು.

ಅಡಿಕೆಯ ಕೊನೆಕೊಯ್ಲು ಜನವರಿಗೆ ಮುಗಿಯುತ್ತದೆ. ಮಾರ್ಚ್ ಬಂದರೆ ನಾನು ಕೆಲಸ ಮಾಡುವ ಸೊಸೈಟಿಯಲ್ಲಿ ವರ್ಷದ ಲೆಕ್ಕ, ರಜೆ ಕೇಳುವ ಹಾಗೇ ಇಲ್ಲ. ಹಾಗಾಗಿ ಫೆಬ್ರವರಿ.

ಈಗ ನನ್ನ ಗೊಂದಲ. ಬಸ್ಸಿನಲ್ಲಿ ಗುಂಪಿನ ಜೊತೆ ಹೋದರೆ ತುಂಬ ಅಗ್ಗ. ನಮಗೇ ಅಂತ ಕಾರು, ಗೈಡ್ ಮಾಡಿಕೊಂಡರೆ ಅದರ ಎಷ್ಟೋ ಪಟ್ಟು ಆಗುತ್ತದೆ. ಆದರೆ ಅಪ್ಪಯ್ಯನಿಗೆ ಇಂಗ್ಲಿಷ್ ಅಷ್ಟಕ್ಕಷ್ಟೆ. ಗೈಡ್ ಹೇಳಿದ್ದನ್ನು ನಾನು ಕನ್ನಡದಲ್ಲಿ ಹೇಳಬೇಕು, ಅವರು ಕೇಳಿದ್ದನ್ನು ಇಂಗ್ಲಿಷಿನಲ್ಲಿ ಕೇಳಬೇಕು. ಮೂವತ್ತು ಜನರ ಮಧ್ಯೆ ಅದು ಆಗುವ ಕೆಲಸವಾ? ಮಂಡಿನೋವಿದೆ, ಬಿಪಿ ಮಾತ್ರೆ ತಗೊಳ್ಳುತ್ತಾರೆ. ಸುರಂಗದ ಒಳಗೆ ಹೋಗಲು ಆಗದಿದ್ದರೆ ಅಷ್ಟು ದೂರ ಹೋಗಿದ್ದು ಸುಮ್ನೆ ಆಗುತ್ತದಾ? ಹೋಗಿ ಬಂದವರು ದಯವಿಟ್ಟು ಬಿಡಿಸಿ ಹೇಳಿ. ನಾವು ಸಸ್ಯಾಹಾರಿಗಳು, ಅದಕ್ಕೂ ಏನಾದರೂ ದಾರಿ ಇದ್ದರೆ ತಿಳಿಸಿ.

ಸಾಗರದವ | ನವೆಂಬರ್ 9

ಗುಂಪಿನಲ್ಲಿ ಹೋಗಬೇಡಿ. ನಾನು ಹೋಗಿ ಕೈ ಸುಟ್ಟುಕೊಂಡವನು.

ಬಸ್ಸು ಹೋಟೆಲಿಂದ ಹೋಟೆಲಿಗೆ ಸುತ್ತಿ ಜನ ಹತ್ತಿಸಿಕೊಳ್ಳಲು ಒಂದು ಗಂಟೆ. ದಾರಿಯಲ್ಲಿ ಕರಕುಶಲ ವಸ್ತುಗಳ ಅಂಗಡಿಯಲ್ಲಿ ಮುಕ್ಕಾಲು ಗಂಟೆ. ಸುರಂಗದ ಹತ್ತಿರ ತಲುಪಿದಾಗ ಹನ್ನೊಂದು ಗಂಟೆ, ಬಿಸಿಲು ನೆತ್ತಿಗೆ ಬಂದಿತ್ತು. ನಾವು ಹೋಗಿದ್ದು ಬೆನ್ ಡಿನ್ ಅನ್ನುವ ಕಡೆ. ಪ್ರತಿಯೊಂದು ಗುಂಡಿಯ ಮುಂದೆಯೂ ಫೋಟೊಗೆ ಸಾಲು. ಗೈಡ್ ಚೆನ್ನಾಗಿಯೇ ಮಾತಾಡುತ್ತಿದ್ದ, ಆದರೆ ನಾನು ಸಾಲಿನ ಕೊನೆಯಲ್ಲಿ ಇದ್ದೆ. ಒಂದೂವರೆ ಗಂಟೆಯಲ್ಲಿ ಎಲ್ಲ ಮುಗಿಸಿ ಬಸ್ಸು ಹತ್ತಿಸಿದರು. ಗುಂಡಿಯಿಂದ ತಲೆ ಹೊರಗೆ ಹಾಕಿದ ಒಂದು ಫೋಟೊ ಇದೆ ನನ್ನ ಹತ್ತಿರ. ಆ ಜಾಗದ ಬಗ್ಗೆ ನನಗೆ ಗೊತ್ತಾಗಿದ್ದೆಲ್ಲ ಊರಿಗೆ ಬಂದ ಮೇಲೆ ಓದಿದ್ದು.

ನಿಮ್ಮ ತಂದೆಯವರ ಪ್ರಶ್ನೆ ಅಂಥ ದಿನದಲ್ಲಿ ಕಳೆದುಹೋಗಬಾರದು.

ಕೊಡಚಾದ್ರಿ ನೆರಳು, ನಗರ | ನವೆಂಬರ್ 10

ತುಂಗಾತೀರ ಅವರೇ, ನಾನು ಅಮ್ಮನ ಜೊತೆ ಹೋಗಿದ್ದೆ. ಅಮ್ಮನಿಗೆ ಆಗ 64. ನಮಗೇ ಅಂತ ಗೈಡ್ ಮಾಡಿಕೊಂಡಿದ್ದೆವು. ಆ ದುಡ್ಡಿನ ಬಗ್ಗೆ ನನಗೆ ಒಂದು ದಿನವೂ ಬೇಜಾರಾಗಿಲ್ಲ. ಸ್ವಲ್ಪ ಉದ್ದವಾಗಿ ಬರೆಯುತ್ತೇನೆ, ಬೇಸರ ಮಾಡಿಕೊಳ್ಳಬೇಡಿ.

ಮೊದಲು ಜಾಗ. ಕು ಚಿ ಅಂದರೆ ಒಂದು ತಾಲ್ಲೂಕಿನಷ್ಟು ದೊಡ್ಡ ಪ್ರದೇಶ. ಪ್ರವಾಸಿಗರು ನೋಡಲು ಎರಡು ಕಡೆ ತೆರೆದಿದ್ದಾರೆ. ಒಂದು ಬೆನ್ ಡಿನ್, ಪೇಟೆಯಿಂದ ಸುಮಾರು 50 ಕಿಲೋಮೀಟರ್. ಪ್ರವಾಸಿಗರ ಬಸ್ಸುಗಳು ಹೆಚ್ಚಾಗಿ ಅಲ್ಲಿಗೇ ಹೋಗುತ್ತವೆ. ಇನ್ನೊಂದು ಬೆನ್ ಡುವೊಕ್, ಸುಮಾರು 70 ಕಿಲೋಮೀಟರ್. ಶಿವಮೊಗ್ಗದಿಂದ ಸಾಗರಕ್ಕೆ ಎಷ್ಟೋ ಅಷ್ಟು. ಅಲ್ಲಿ ಜನ ಕಡಿಮೆ, ಜಾಗ ವಿಶಾಲ, ಮರದ ನೆರಳು ಚೆನ್ನಾಗಿದೆ. ಹತ್ತಿರದಲ್ಲೇ ಸೈಗಾನ್ ನದಿ. ನೀವು ಬೆನ್ ಡುವೊಕ್‌ಗೇ ಹೋಗಿ. ಬುಕ್ ಮಾಡುವಾಗ ಆ ಹೆಸರನ್ನೇ ಬರೆಸಿಕೊಳ್ಳಿ. ಬರೀ ಕು ಚಿ ಅಂದರೆ ಹತ್ತಿರದ್ದಕ್ಕೆ ಕರೆದುಕೊಂಡು ಹೋಗುತ್ತಾರೆ.

ಬೆಳಿಗ್ಗೆ ಏಳಕ್ಕೆ ಬಾಗಿಲು ತೆಗೆಯುತ್ತಾರೆ. ನಾವು ಐದೂವರೆಗೆ ಹೋಟೆಲು ಬಿಟ್ಟೆವು. ಮೊದಲ ಒಂದು ಗಂಟೆ ಅಲ್ಲಿ ನಾವು ಮೂವರು, ಹಕ್ಕಿ, ಗಾಳಿ, ಅಷ್ಟೆ. ಆ ಒಂದು ಗಂಟೆಗೇ ದುಡ್ಡು ವಸೂಲಾಯಿತು.

ಗೈಡ್ ಆರಿಸುವ ಮೊದಲು ಅವರಿಗೆ ಒಂದು ಪತ್ರ ಬರೆಯಿರಿ. ನೀವು ಇಲ್ಲಿ ಬರೆದಿರುವುದನ್ನೇ ಬರೆಯಿರಿ. ಅಪ್ಪ ಸುರಂಗದ ಕೆಲಸದಲ್ಲಿದ್ದವರು, ತೋಡಿದ್ದು ಹೇಗೆ ಅಂತ ತಿಳಿಯಬೇಕು, ನಿಧಾನಕ್ಕೆ ನಡೆಯಬೇಕು, ಪ್ರತಿ ಮಾತನ್ನೂ ನಾನು ನಮ್ಮ ಭಾಷೆಗೆ ತಿರುಗಿಸಬೇಕು. ಸರಿ ಅಂತ ಒಂದೇ ಪದದ ಉತ್ತರ ಬಂದರೆ ಬೇರೆಯವರನ್ನು ನೋಡಿ. ತಿರುಗಿ ಪ್ರಶ್ನೆ ಕೇಳಿದವರು ನಿಮಗೆ ಬೇಕಾದವರು. ಕಾರು, ಗೈಡ್, ಟಿಕೆಟ್ ಎಲ್ಲ ಸೇರಿದ ದರವಾ, ಎಷ್ಟು ಗಂಟೆಯವರೆಗೆ, ಇವನ್ನೂ ಮೊದಲೇ ಕೇಳಿಬಿಡಿ. ದಾರಿಯಲ್ಲಿ ಯಾವ ಅಂಗಡಿಗೂ ನಿಲ್ಲಿಸಬೇಡಿ ಅಂತಲೂ ಹೇಳಿ.

ಗುಂಡು ಹಾರಿಸುವ ಜಾಗ ಒಂದಿದೆ. ದುಡ್ಡು ಕೊಟ್ಟರೆ ಎಕೆ-47, ಎಂ-16 ಹಿಡಿದು ಗುರಿಗೆ ಹೊಡೆಯಬಹುದು. ಅಮ್ಮನಿಗೆ ಆ ಸದ್ದು ತಡೆಯಲು ಆಗಲಿಲ್ಲ. ನನಗೂ ಸರಿ ಕಾಣಲಿಲ್ಲ. ಅಷ್ಟು ಜನ ಸತ್ತ ನೆಲದ ಮೇಲೆ ಬಂದೂಕಿನ ಆಟ ಯಾಕೆ? ಆ ಕಡೆ ಹೋಗದೆ ಬೇರೆ ದಾರಿಯಲ್ಲಿ ಕರೆದುಕೊಂಡು ಹೋಗಿ ಅಂದರೆ ಗೈಡ್ ಖಂಡಿತ ಮಾಡುತ್ತಾರೆ. ಬಸ್ಸಿನ ಗುಂಪಿನಲ್ಲಿ ಹೀಗೆ ಕೇಳಲು ಆಗುವುದಿಲ್ಲ, ಅಲ್ವಾ?

ಒಳಗೆ ಇಳಿಯಲೇಬೇಕು ಅಂತ ಏನೂ ಇಲ್ಲ. ನೋಡುವುದು ಮುಕ್ಕಾಲುಪಾಲು ಮೇಲೆಯೇ ಇದೆ. ಅಡುಗೆಮನೆ, ಆಸ್ಪತ್ರೆ, ಸಭೆ ಸೇರುತ್ತಿದ್ದ ಕೋಣೆ, ಬಾಂಬ್ ಬಿದ್ದ ಗುಂಡಿ, ಎಲ್ಲವನ್ನೂ ಕಾಡಿನ ಕಾಲುದಾರಿಯಲ್ಲಿ ನಡೆದು ನೋಡಬಹುದು. ದಾರಿ ಸಮತಟ್ಟು. ಪ್ರವಾಸಿಗರಿಗೆ ಬಿಡುವ ಸುರಂಗವನ್ನು ಅಗಲ ಮಾಡಿದ್ದಾರೆ, ಆದರೂ ಬಗ್ಗಿಯೇ ಹೋಗಬೇಕು. ಸ್ವಲ್ಪ ಸ್ವಲ್ಪ ದೂರಕ್ಕೆ ಹೊರಗೆ ಬರುವ ಬಾಯಿ ಇದೆ. ಸಾಕು ಅನ್ನಿಸಿದಲ್ಲಿ ಎದ್ದು ಬರಬಹುದು.

ಹೋಗುವ ಮೊದಲು ಸ್ವಲ್ಪ ಹಿನ್ನೆಲೆ ಅಪ್ಪಯ್ಯನಿಗೆ ಹೇಳಿರಿ. ಮೊದಲ ಸುರಂಗಗಳನ್ನು ತೋಡಿದ್ದು 1940ರ ದಶಕದಲ್ಲಿ, ಫ್ರೆಂಚರ ವಿರುದ್ಧ. ಆಮೇಲೆ ಅಮೆರಿಕದ ಯುದ್ಧ ಬಂದಾಗ ಅದನ್ನೇ ಬೆಳೆಸುತ್ತ ಹೋದರು. ಮೂರು ಅಂತಸ್ತು. ಮೇಲಿನದು ಸುಮಾರು 3 ಮೀಟರ್ ಆಳ, ಕೆಳಗಿನದು 8ರಿಂದ 10 ಮೀಟರ್. 1966ರ ಜನವರಿಯಲ್ಲಿ ಅಮೆರಿಕ ಮತ್ತು ಆಸ್ಟ್ರೇಲಿಯಾದ ಸುಮಾರು 8 ಸಾವಿರ ಸೈನಿಕರು ಆಪರೇಷನ್ ಕ್ರಿಂಪ್ ಅಂತ ಇದೇ ಪ್ರದೇಶವನ್ನು ಜಾಲಾಡಿದರು. ಮರುವರ್ಷ ಜನವರಿಯಲ್ಲಿ ಸೀಡರ್ ಫಾಲ್ಸ್ ಅನ್ನುವ ಕಾರ್ಯಾಚರಣೆಗೆ 30 ಸಾವಿರ ಜನ ಬಂದರು. ಆದರೂ ಸುರಂಗ ಉಳಿಯಿತು. 1968ರಲ್ಲಿ ಅಲ್ಲಿಯ ಹೊಸವರ್ಷದ ಹಬ್ಬ ಟೆಟ್ ಹೊತ್ತಿಗೆ ನಡೆದ ದೊಡ್ಡ ದಾಳಿಗೆ ಸೈಗಾನಿನ (ಈಗಿನ ಹೋ ಚಿ ಮಿನ್ ಸಿಟಿಯ) ಕಡೆ ಜನ ಹೊರಟಿದ್ದೂ ಈ ಕಡೆಯಿಂದಲೇ. ಅಮೆರಿಕದ 25ನೇ ಪದಾತಿ ದಳದ ದೊಡ್ಡ ಶಿಬಿರ ಕು ಚಿಯಲ್ಲೇ ಇತ್ತು. ಕಾಲ ಕೆಳಗೆ ಯಾರಿದ್ದಾರೆ ಅಂತ ತಿಳಿಯದೆ ಅವರು ಅಲ್ಲಿ ಮಲಗುತ್ತಿದ್ದರು.

ಇನ್ನೊಂದು ಮಾತು. ನಮ್ಮ ಗೈಡ್‌ನ ತಂದೆ ದಕ್ಷಿಣ ವಿಯೆಟ್ನಾಂ ಸರ್ಕಾರದ, ಅಂದರೆ ಅಮೆರಿಕದ ಕಡೆಯ, ಸೈನ್ಯದಲ್ಲಿದ್ದವರು. ಸೋದರಮಾವ ಸುರಂಗದ ಕಡೆಯವರು. 1975ರ ಏಪ್ರಿಲ್ 30ಕ್ಕೆ ಯುದ್ಧ ಮುಗಿದ ಮೇಲೂ ಇಬ್ಬರೂ ಎಷ್ಟೋ ವರ್ಷ ಒಂದೇ ಮನೆಯಲ್ಲಿ ಮಾತಿಲ್ಲದೆ ಉಂಡರಂತೆ. ಇದನ್ನು ಅವರು ಹೇಳಿದ್ದು ವಾಪಸ್ ಬರುವಾಗ, ಕಾರಿನಲ್ಲಿ, ಅಮ್ಮ ಅವರ ಮನೆಯವರ ಬಗ್ಗೆ ಕೇಳಿದ ಮೇಲೆ. ಅಲ್ಲಿ ತೋರಿಸುವ ಹಳೇ ಕಪ್ಪುಬಿಳುಪು ಚಿತ್ರದಲ್ಲಿ ಒಂದೇ ಕಡೆಯ ಕಥೆ ಇದೆ. ಜೊತೆಗೆ ಕೂತು ಹೋದವರಿಗೆ ಎರಡೂ ಕಡೆಯದು ಸಿಗುತ್ತದೆ.

ಮಣ್ಣಿನ ಬಗ್ಗೆ ನಾನು ಏನೂ ಹೇಳುವುದಿಲ್ಲ. ಅಪ್ಪಯ್ಯ ಗೋಡೆ ಮುಟ್ಟಲಿ. ಅವರಿಗೇ ಗೊತ್ತಾಗುತ್ತದೆ.

ಗಾಜನೂರು ಸಿಸ್ಟರ್ | ನವೆಂಬರ್ 10

ನಾನು ನರ್ಸ್. ಬಿಪಿ ಇರುವವರು, ಮಂಡಿನೋವು ಇರುವವರು ಬಗ್ಗಿಕೊಂಡು, ಸೆಕೆಯಲ್ಲಿ, ಇಕ್ಕಟ್ಟಿನಲ್ಲಿ ಹೋಗುವ ಮೊದಲು ತಮ್ಮ ಡಾಕ್ಟರನ್ನು ಒಂದು ಸಲ ಕೇಳಲೇಬೇಕು. ಫೋನಿನಲ್ಲಿ ಅಲ್ಲ, ಹೋಗಿ ತೋರಿಸಿ ಕೇಳಿ. ಮಾತ್ರೆಯನ್ನು ಕೈಚೀಲದಲ್ಲೇ ಇಟ್ಟುಕೊಳ್ಳಿ, ದೊಡ್ಡ ಬ್ಯಾಗಿನಲ್ಲಿ ಬೇಡ. ಅಲ್ಲಿಯ ಸಮಯ ನಮಗಿಂತ ಒಂದೂವರೆ ಗಂಟೆ ಮುಂದೆ, ಮಾತ್ರೆಯ ಹೊತ್ತು ಲೆಕ್ಕ ಹಾಕಿಕೊಳ್ಳಿ. ಬೆಳಿಗ್ಗೆ ಬೇಗ ಹೊರಡುವಾಗ ಖಾಲಿ ಹೊಟ್ಟೆ ಬೇಡ. ನೀರು ಜಾಸ್ತಿ ಕುಡಿಸಿ. ಅವರು ಹಟ ಮಾಡಿದರೂ ತಲೆ ಸುತ್ತು ಅಂದ ಕೂಡಲೇ ಕೂರಿಸಿ.

ಸುರಂಗದ ನೀರು, ಪುತ್ತೂರು ಮೂಲ, ಈಗ ಶಿವಮೊಗ್ಗ | ನವೆಂಬರ್ 12

ಕೊಡಚಾದ್ರಿಯವರು ಹೇಳಿದ್ದಕ್ಕೆ ನನ್ನದು ಸ್ವಲ್ಪ ಬೇರೆ ಅಭಿಪ್ರಾಯ.

ನಮ್ಮ ಅಜ್ಜನ ಮನೆಯಲ್ಲಿ ಗುಡ್ಡಕ್ಕೆ ಅಡ್ಡ ಕೊರೆದ ಸುರಂಗ ಇದೆ. ಪುತ್ತೂರು, ಬಂಟ್ವಾಳ, ಕಾಸರಗೋಡು ಕಡೆ ಇದು ಸಾಮಾನ್ಯ. ಕುಡಿಯುವ ನೀರು, ತೋಟದ ನೀರು ಎರಡಕ್ಕೂ ಅದೇ. ಅಗೆಯುವವರು ದೀಪ ಹಚ್ಚಿ ಇಟ್ಟುಕೊಂಡು ಒಳಗೆ ಹೋಗುತ್ತಿದ್ದರು. ದೀಪ ಮಂಕಾದರೆ ಉಸಿರಾಡುವ ಗಾಳಿ ಕಡಿಮೆ ಅಂತ ಅರ್ಥ, ತಕ್ಷಣ ಹೊರಗೆ. ಚಿಕ್ಕವನಿದ್ದಾಗ ನಾನು ಒಳಗೆ ಹೋಗಿದ್ದೇನೆ. ಬೆನ್ನು ಬಗ್ಗಿಸಿ ನಡೆಯುವುದು ಅಂದರೆ ಏನು ಅಂತ ಗೊತ್ತು. 68 ವರ್ಷದ ಮಂಡಿಗೆ ಅದು ಬೇಡ.

ಸುರಂಗವನ್ನು ನಿಜವಾಗಿ ಒಳಗಿಂದ ನೋಡಬೇಕು ಅಂದರೆ ವಿನ್ ಮೋಕ್ ಇದೆ. ಹಳೇ ಉತ್ತರ ದಕ್ಷಿಣ ಗಡಿಯ ಹತ್ತಿರ, ಕ್ವಾಂಗ್ ಟ್ರಿ ಕಡೆ, ಸಮುದ್ರದ ದಡದಲ್ಲಿ. ಅದು ಸೈನಿಕರ ಸುರಂಗ ಅಲ್ಲ, ಒಂದು ಊರು. ಬಾಂಬಿನಿಂದ ಉಳಿಯಲು ಊರಿನವರೇ 1965ರ ಹೊತ್ತಿಗೆ ತೋಡಲು ಶುರು ಮಾಡಿದರು. ಕೆಳಗಿನ ಅಂತಸ್ತು 20 ಮೀಟರಿಗಿಂತ ಆಳ. ಒಂದೊಂದು ಕುಟುಂಬಕ್ಕೆ ಗೋಡೆಯಲ್ಲಿ ಒಂದೊಂದು ಗೂಡು. ಹೆರಿಗೆಗೂ ಒಂದು ಕೋಣೆ. ಒಳಗೆ 17 ಮಕ್ಕಳು ಹುಟ್ಟಿದರು. ಅಲ್ಲಿ ಹೆಚ್ಚಿನ ಕಡೆ ನಿಂತೇ ನಡೆಯಬಹುದು, ಎತ್ತರದವರು ತಲೆ ಸ್ವಲ್ಪ ತಗ್ಗಿಸಿದರೆ ಸಾಕು. ನನ್ನ ಮಟ್ಟಿಗೆ ಕು ಚಿಗಿಂತ ಅದೇ ಮನಸ್ಸಿಗೆ ಹತ್ತಿರ. ತೊಂದರೆ ಒಂದೇ, ಅದು ಹುಯೆ ಊರಿನಿಂದ ಹೋಗಬೇಕು. ಸೈಗಾನಿನಿಂದ ಅಲ್ಲಿಗೆ ವಿಮಾನವೇ ಬೇಕು. ನಾಲ್ಕೇ ದಿನ ಇದ್ದರೆ ಕಷ್ಟ.

ಕು ಚಿಯಲ್ಲಿ ಒಂದು ವಿಷಯ ಗೈಡ್ ಹತ್ತಿರ ಕೇಳಿ ತಿಳಿಯಿರಿ. ಈಗ ಅಲ್ಲಿ ಕಾಣುವ ಕಾಡು ಹಳೇ ಕಾಡಲ್ಲ. ಯುದ್ಧದಲ್ಲಿ ವಿಮಾನದಿಂದ ಎಲೆ ಉದುರಿಸುವ ವಿಷ ಸುರಿದರು. ಪೀಪಾಯಿಯ ಮೇಲೆ ಕಿತ್ತಳೆ ಬಣ್ಣದ ಪಟ್ಟಿ ಇತ್ತು ಅಂತ ಅದಕ್ಕೆ ಏಜೆಂಟ್ ಆರೆಂಜ್ ಅಂತ ಹೆಸರು. ಈಗಿನ ಮರಗಳು ಯುದ್ಧ ಮುಗಿದ ಮೇಲೆ ನೆಟ್ಟವು, ಬೆಳೆದವು. ಕಾಸರಗೋಡಿನ ಗೇರು ತೋಟಗಳ ಮೇಲೆ ಹೆಲಿಕಾಪ್ಟರಿನಲ್ಲಿ ಎಂಡೋಸಲ್ಫಾನ್ ಸಿಂಪಡಿಸಿದ್ದು, ಆಮೇಲೆ ಅಲ್ಲಿಯ ಮಕ್ಕಳಿಗೆ ಆಗಿದ್ದು ನಮ್ಮ ಕಡೆಯವರಿಗೆ ಗೊತ್ತು. ಸೈಗಾನಿನ ಯುದ್ಧ ಮ್ಯೂಸಿಯಂನಲ್ಲಿ ಆ ಫೋಟೊಗಳ ಕೋಣೆಯಿಂದ ಹೊರಗೆ ಬಂದು ನಾನು ಅರ್ಧ ಗಂಟೆ ಮೆಟ್ಟಿಲ ಮೇಲೆ ಕೂತಿದ್ದೆ.

ತುಂಗಾತೀರ | ನವೆಂಬರ್ 13

ಎಲ್ಲರಿಗೂ ತುಂಬಾ ಥ್ಯಾಂಕ್ಸ್. ಅಪ್ಪಯ್ಯನಿಗೆ ಎಲ್ಲವನ್ನೂ ಓದಿ ಹೇಳಿದೆ. ವಿನ್ ಮೋಕ್‌ನ 17 ಮಕ್ಕಳ ವಿಷಯವನ್ನು ಅಮ್ಮ ಎರಡು ಸಲ ಓದಿಸಿದರು. ಈ ಸಲ ಕು ಚಿ, ಬೆನ್ ಡುವೊಕ್. ನಮಗೇ ಗೈಡ್. ಮೂರು ಜನಕ್ಕೆ ಪತ್ರ ಬರೆದಿದ್ದೇನೆ. ಸಿಸ್ಟರ್, ಡಾಕ್ಟರಿಗೆ ತೋರಿಸಿ ಬರುತ್ತೇವೆ. ಹೋಗಿ ಬಂದು ಇಲ್ಲೇ ಬರೆಯುತ್ತೇನೆ.

ತುಂಗಾತೀರ | ಮಾರ್ಚ್ 2

ಹೋಗಿ ಬಂದೆವು. ಲೆಕ್ಕದ ತಿಂಗಳು ಶುರುವಾಗಿದೆ, ಆದರೂ ಇವತ್ತು ಭಾನುವಾರ, ಬರೆದುಬಿಡುತ್ತೇನೆ.

ಮೂರು ಜನರಲ್ಲಿ ಒಬ್ಬರು ತಿರುಗಿ ಬರೆದರು. "ನಿಮ್ಮ ತಂದೆಯವರ ಕಡೆ ಕಲ್ಲಾ, ಮಣ್ಣಾ?" ಅಂತ ಕೇಳಿದ್ದರು. ಅವರನ್ನೇ ಗೊತ್ತು ಮಾಡಿದೆ. ಐವತ್ತು ದಾಟಿದ ಹೆಂಗಸು, ಕು ಚಿ ಕಡೆಯವರೇ. ಅವರ ಅಮ್ಮ ಹುಡುಗಿಯಾಗಿದ್ದಾಗ ರಾತ್ರಿ ಹೊತ್ತು ಮಣ್ಣಿನ ಬುಟ್ಟಿ ಹೊತ್ತವರು. ಅಪ್ಪಯ್ಯನನ್ನು ಮೊದಲ ಮಾತಿನಿಂದಲೇ "ಬಾಕ್" ಅಂತ ಕರೆದರು. ನಮ್ಮಲ್ಲಿ ದೊಡ್ಡಪ್ಪ ಅಂದ ಹಾಗಂತೆ. ಅದನ್ನು ಹೇಳಿದ್ದೇ ತಡ, ಅಪ್ಪಯ್ಯ ಕಾರಿನಲ್ಲಿ ಹಿಂದೆ ಕೂತಿದ್ದವರು ಎದ್ದು ಮುಂದಿನ ಸೀಟಿಗೆ ಹೋದರು.

ದಾರಿಯಲ್ಲಿ ಮನೆಗಳ ಮುಂದೆ ಅಡಿಕೆ ಮರ! ಕಾರು ನಿಲ್ಲಿಸಿದ್ದು ಅದೊಂದಕ್ಕೇ. ಅಲ್ಲಿ ಮದುವೆ ಮಾತುಕತೆಗೆ ವೀಳ್ಯದೆಲೆ ಅಡಿಕೆ ಇಲ್ಲದೆ ಹೋಗುವ ಹಾಗಿಲ್ಲವಂತೆ. ಹಸಿ ಅಡಿಕೆಯನ್ನೇ ಸೀಳಿ ಇಡುತ್ತಾರಂತೆ. ಅಪ್ಪಯ್ಯ ಗೊನೆ ನೋಡಿದರು, ಹಿಂಗಾರ ನೋಡಿದರು, ಬುಡದ ಮಣ್ಣನ್ನು ಚಪ್ಪಲಿಯಲ್ಲಿ ಕೆದಕಿದರು.

ಏಳೂಕಾಲಕ್ಕೆ ಒಳಗೆ ಹೋದೆವು. ನಾನು ಅಂದುಕೊಂಡಿದ್ದು ಅಪ್ಪಯ್ಯ ಮೊದಲು ಕೇಳುವುದು ಹೇಗೆ ತೋಡಿದರು ಅಂತ. ಅವರು ಕೇಳಿದ್ದು, "ತೋಡಿದ ಮಣ್ಣು ಎಲ್ಲಿ ಹಾಕಿದರು?" ವಾರಾಹಿಯಲ್ಲಿ ಅವರ ಪುಸ್ತಕ ತುಂಬಿದ್ದೇ ಆ ಲೆಕ್ಕದಿಂದ, ನನಗೆ ಹೊಳೆದಿರಲಿಲ್ಲ. ಗೈಡ್ ನಡೆಯುತ್ತಿದ್ದವರು ನಿಂತುಬಿಟ್ಟರು. ಇದನ್ನು ಮೊದಲ ಪ್ರಶ್ನೆಯಾಗಿ ಯಾರೂ ಕೇಳಿಲ್ಲವಂತೆ. ಹೊಸ ಮಣ್ಣಿನ ರಾಶಿ ವಿಮಾನದಿಂದ ಕಂಡರೆ ಸುರಂಗ ಎಲ್ಲಿದೆ ಅಂತ ಗೊತ್ತಾಗಿಬಿಡುತ್ತದೆ. ಅದಕ್ಕೇ ಒಂದಿಷ್ಟು ನದಿಗೆ, ಒಂದಿಷ್ಟು ಗದ್ದೆಗೆ, ಬಾಂಬ್ ಬಿದ್ದ ಗುಂಡಿಗಳಿಗೆ. ಅವರ ಅಮ್ಮನ ಕೆಲಸ ಅದೇ ಆಗಿತ್ತು. ಬೆಳಗಾಗುವ ಮೊದಲು ಮುಗಿಯಬೇಕಿತ್ತು.

ಆಮೇಲೆ ತೋಡಿದ ರೀತಿ. ಸ್ವಲ್ಪ ಸ್ವಲ್ಪ ದೂರಕ್ಕೆ ಸಣ್ಣ ಬಾವಿ ಇಳಿಸುತ್ತಿದ್ದರು. ಒಂದು ಬಾವಿಯ ತಳದಿಂದ ಇಬ್ಬರು, ಇನ್ನೊಂದರಿಂದ ಇಬ್ಬರು, ಎದುರುಬದುರು ಕೊರೆದು ಮಧ್ಯೆ ಸೇರಿಸುತ್ತಿದ್ದರು. ಸೇರಿದ ಮೇಲೆ ಬಾವಿಯ ಬಾಯಿ ಮುಚ್ಚುತ್ತಿದ್ದರು. ಅಪ್ಪಯ್ಯ ಕಡ್ಡಿ ತಗೊಂಡು ನೆಲದ ಮೇಲೆ ಗೀರಿ ತೋರಿಸಿದರು, ನಮ್ಮಲ್ಲೂ ಎರಡು ಕಡೆಯಿಂದ ಬಂದು ಸೇರಿಸುವ ಕ್ರಮ ಇತ್ತು ಅಂತ. ಇಬ್ಬರೂ ಕುಕ್ಕರುಗಾಲಲ್ಲಿ ಕೂತು ಗೀರಿದ್ದನ್ನು ಅಳಿಸಿ ಮತ್ತೆ ಗೀರಿದರು. ಮಂಡಿನೋವಿನ ನೆನಪು ಇಬ್ಬರಿಗೂ ಇರಲಿಲ್ಲ. ನಾನು ಮಾತು ತಿರುಗಿಸುವುದನ್ನೂ ಸ್ವಲ್ಪ ಹೊತ್ತು ಬಿಟ್ಟೆ. ಅದರ ಅಗತ್ಯ ಅವರಿಗೆ ಕಾಣಲಿಲ್ಲ.

ಕೊಡಚಾದ್ರಿಯವರೇ, ಗೋಡೆ ಮುಟ್ಟಿಸಿದೆ. ಅಪ್ಪಯ್ಯ ಉಗುರಿನಲ್ಲಿ ಕೆರೆದರು, ಬೆರಳಲ್ಲಿ ತಟ್ಟಿದರು. "ಇದು ನಮ್ಮ ಜಂಬಿಟ್ಟಿಗೆ ಜಾತಿ ಮಾರಾಯ್ತಿ" ಅಂದರು. ನಮ್ಮ ಮನೆಯ ತಳಪಾಯವೂ ಜಂಬಿಟ್ಟಿಗೆ ಕಲ್ಲಿನದೇ. ಕ್ವಾರಿಯಲ್ಲಿ ಕಡಿಯುವಾಗ ಮೆತ್ತಗಿರುತ್ತದೆ, ಗಾಳಿ ಬಿಸಿಲು ತಾಗಿದ ಮೇಲೆ ಗಟ್ಟಿಯಾಗುತ್ತದೆ ಅಂತ ಅವರು ಹೇಳಿದರು. ಗೈಡ್ ತಲೆ ಆಡಿಸಿದರು. ಅಲ್ಲಿಯೂ ಮಳೆಗಾಲದಲ್ಲಿ ಮಣ್ಣು ಮೆತ್ತಗಿದ್ದಾಗ ತೋಡುತ್ತಿದ್ದರಂತೆ. ಬೇಸಿಗೆಗೆ ಅದೇ ಗೋಡೆ ಇಟ್ಟಿಗೆಯ ಹಾಗೆ ನಿಲ್ಲುತ್ತಿತ್ತು. ಕಂಬ ಬೇಡ, ಸಿಮೆಂಟ್ ಬೇಡ. ಎರಡು ವರ್ಷದ ಪ್ರಶ್ನೆಗೆ ಅರ್ಧ ಉತ್ತರ ಅಲ್ಲೇ ಸಿಕ್ಕಿತು. ಉಳಿದ ಅರ್ಧ ಆ ಅಮ್ಮನ ಬುಟ್ಟಿ.

ಗಾಳಿ ಆಡುವ ತೂತುಗಳನ್ನು ಹುತ್ತದ ಹಾಗೆ ಮಾಡಿದ್ದಾರೆ. ನಾನು ಪಕ್ಕದಲ್ಲೇ ನಿಂತಿದ್ದೆ, ಗೊತ್ತಾಗಲಿಲ್ಲ. ಅಪ್ಪಯ್ಯ ದೂರದಿಂದಲೇ ಇದು ಹುತ್ತ ಅಲ್ಲ ಅಂದರು. ಹುತ್ತ ಕಟ್ಟುವ ಜಾಗ ಅದಲ್ಲವಂತೆ. ನಾಯಿಗಳು ಮೂಸಿ ಹುಡುಕದ ಹಾಗೆ ಮೆಣಸಿನ ಪುಡಿ ಹಾಕುತ್ತಿದ್ದರು. ಅಮೆರಿಕದವರ ಸೋಪನ್ನೇ ಇಡುತ್ತಿದ್ದುದೂ ಉಂಟು, ಪರಿಚಿತ ವಾಸನೆ ಅಂತ ನಾಯಿ ಮುಂದೆ ಹೋಗಲಿ ಅಂತ.

ಒಲೆಯ ಹತ್ತಿರ ನಾವು ಎಷ್ಟು ಹೊತ್ತು ನಿಂತೆವೋ ಗೊತ್ತಿಲ್ಲ. ಹೊಆಂಗ್ ಕಾಮ್ ಒಲೆ ಅಂತ ಹೆಸರು. ಫ್ರೆಂಚರ ಯುದ್ಧದ ಕಾಲದಲ್ಲಿ ಅದನ್ನು ಮಾಡಿದ ಸೈನ್ಯದ ಅಡುಗೆಯವರ ಹೆಸರು ಅದು. ಒಲೆಯ ಹೊಗೆ ನೇರ ಮೇಲೆ ಹೋಗದೆ ನೆಲದೊಳಗಿನ ಉದ್ದದ ಕಾಲುವೆಗಳಲ್ಲಿ ಹರಿದು, ತಣ್ಣಗಾಗಿ, ದೂರದಲ್ಲಿ ಎಲೆಗಳ ಕೆಳಗೆ ತೆಳ್ಳಗೆ ಹರಡುತ್ತದೆ. ಅಡುಗೆ ಮಾಡುತ್ತಿದ್ದುದು ನಸುಕಿನಲ್ಲಿ, ಮಂಜು ಇರುವಾಗ. ಅಪ್ಪಯ್ಯನಿಗೆ ಇದನ್ನು ಬಿಡಿಸಿ ಹೇಳುವ ಅಗತ್ಯವೇ ಬೀಳಲಿಲ್ಲ. ಬೆಳಿಗ್ಗೆ ಬೇಗ ಅಡಿಕೆ ಬೇಯಿಸುವ ಹಂಡೆಗೆ ಬೆಂಕಿ ಹಾಕಿದರೆ ನಮ್ಮ ಅಂಗಳದಲ್ಲೂ ಹೊಗೆ ಮೇಲೇಳುವುದಿಲ್ಲ. ಮಂಜಿನ ಜೊತೆ ತೋಟದ ಕಡೆ ಮಲಗಿಬಿಡುತ್ತದೆ. ಯಾವುದು ಮಂಜು ಯಾವುದು ಹೊಗೆ ಅಂತ ಹೇಳಲು ಆಗುವುದಿಲ್ಲ. ಅದನ್ನು ಅವರು ಕೈಯಲ್ಲೇ ತೋರಿಸಿದರು. ಗೈಡ್ ನಕ್ಕು ಅವರ ಕೈ ಹಿಡಿದುಕೊಂಡರು.

ಸಿಸ್ಟರ್, ಡಾಕ್ಟರು ಬಗ್ಗಿ ದೂರ ಹೋಗಬೇಡಿ ಅಂದಿದ್ದರು. ಅಪ್ಪಯ್ಯ ಮೆಟ್ಟಿಲು ಇಳಿದು, ಬಾಯಿಯಲ್ಲಿ ಕೂತು, ಒಳಗೆ ಟಾರ್ಚ್ ಬಿಟ್ಟು ನೋಡಿದರು. "ನೀನು ಹೋಗಿ ಬಾ, ನಾನು ಮೇಲೆ ಬರುತ್ತೇನೆ" ಅಂದರು. ನಾನು ಹೋದೆ. ಭುಜ ಎರಡೂ ಕಡೆ ತಾಗುತ್ತಿತ್ತು. ಬೆವರು ಕಣ್ಣಿಗೆ ಇಳಿಯಿತು. ಮಧ್ಯದಲ್ಲಿ ಒಂದು ಬಾವಲಿ ಮುಖದ ಹತ್ತಿರವೇ ಹಾದುಹೋಯಿತು. ಅಗಲ ಮಾಡಿದ ಸುರಂಗವೇ ಹೀಗಿದ್ದರೆ ಹಳೆಯದು ಹೇಗಿತ್ತೋ. ಅದರಲ್ಲಿ ದಿನಗಟ್ಟಲೆ ಮಲಗಿದವರು, ಗಾಯ ಹೊಲಿಸಿಕೊಂಡವರು. ಹೊರಗೆ ಬಂದಾಗ ಅಪ್ಪಯ್ಯ ಆಗಲೇ ಆ ಬಾಯಿಯ ಹತ್ತಿರ ನಿಂತಿದ್ದರು, ಕೈಗಡಿಯಾರ ನೋಡುತ್ತ. "ನಾಲ್ಕು ನಿಮಿಷ" ಅಂದರು. ನನಗೆ ಅರ್ಧ ಗಂಟೆ ಅನ್ನಿಸಿತ್ತು.

ಕೊನೆಯಲ್ಲಿ ಬೇಯಿಸಿದ ಮರಗೆಣಸು ಕೊಟ್ಟರು, ಶೇಂಗಾ, ಉಪ್ಪು, ಸಕ್ಕರೆ ಪುಡಿಯ ಜೊತೆ. ಅಕ್ಕಿ ಸಿಗದ ದಿನಗಳಲ್ಲಿ ಅವರಿಗೆ ಅದೇ ಊಟ. ಕೇದಗೆ ಜಾತಿಯ ಗಿಡದ ಎಲೆ ಹಾಕಿದ ಬಿಸಿ ಚಹಾ. ಅಪ್ಪಯ್ಯ ಎರಡು ಸಲ ಹಾಕಿಸಿಕೊಂಡರು.

ಅಲ್ಲೇ ಬೆನ್ ಡುವೊಕ್‌ನಲ್ಲಿ ಒಂದು ಸ್ಮಾರಕ ದೇವಸ್ಥಾನ ಇದೆ. ಸತ್ತ 44 ಸಾವಿರಕ್ಕೂ ಹೆಚ್ಚು ಜನರ ಹೆಸರನ್ನು ಗೋಡೆಯ ಕಲ್ಲಿನಲ್ಲಿ ಕೆತ್ತಿದ್ದಾರೆ. ಬೆನ್ ಡಿನ್‌ಗೆ ಹೋದವರಿಗೆ ಇದು ಸಿಗುವುದಿಲ್ಲ, ದಯವಿಟ್ಟು ಗಮನಿಸಿ. ನಿಮ್ಮವರ ಹೆಸರು ಇದೆಯಾ ಅಂತ ಕೇಳು ಅಂದರು ಅಪ್ಪಯ್ಯ. ನನಗೆ ಕೇಳಲು ಹಿಂಜರಿಕೆ ಆಯಿತು, ಆದರೂ ಕೇಳಿದೆ. ಅವರು ನೇರ ಒಂದು ಗೋಡೆಯ ಹತ್ತಿರ ಹೋಗಿ, ಹುಡುಕದೆಯೇ, ಒಂದು ಸಾಲಿನ ಮೇಲೆ ಬೆರಳಿಟ್ಟರು. ಅಮ್ಮನ ಅಣ್ಣ. ಅಪ್ಪಯ್ಯ ಊದುಬತ್ತಿ ಹಚ್ಚಿದರು. ಯಾರೂ ಏನೂ ಮಾತಾಡಲಿಲ್ಲ.

ಊಟದ ವಿಷಯ ಮರೆತಿದ್ದೆ. "ಚಾಯ್" ಅಂದರೆ ಸಸ್ಯಾಹಾರ. "ಆನ್ ಚಾಯ್" ಅಂದರೆ ನಾನು ಸಸ್ಯಾಹಾರ ತಿನ್ನುವುದು ಅಂತ. ಬಾಗಿಲ ಮೇಲೆ ಚಾಯ್ ಅಂತ ಬರೆದ ಹೋಟೆಲು ಪೇಟೆಯಲ್ಲಿ ಬೇಕಾದಷ್ಟಿವೆ. ಹುಣ್ಣಿಮೆ, ಅಮಾವಾಸ್ಯೆಯ ಹೊತ್ತಿಗೆ ಅಲ್ಲಿಯ ಎಷ್ಟೋ ಜನ ಸಸ್ಯಾಹಾರವೇ ಮಾಡುತ್ತಾರಂತೆ. ಬೇರೆ ಕಡೆ ಉಂಡರೆ ಮೀನಿನ ಸಾಸ್ ಹಾಕಬೇಡಿ ಅಂತ ಬಿಡಿಸಿ ಹೇಳಬೇಕು. ಅದನ್ನು ಗೈಡ್ ಒಂದು ಚೀಟಿಯಲ್ಲಿ ಬರೆದುಕೊಟ್ಟರು, ಉಳಿದ ದಿನವೆಲ್ಲ ಅದನ್ನೇ ತೋರಿಸಿದೆವು.

ಮನೆಗೆ ಬಂದ ಮೇಲೆ ಜಂಬಿಟ್ಟಿಗೆ ಕ್ವಾರಿಯ ಫೋಟೊ ಅವರಿಗೆ ಕಳಿಸಬೇಕು ಅಂತ ಅಪ್ಪಯ್ಯ ಹಿಡಿದ ಹಟ ಬಿಡಲಿಲ್ಲ. ಮೊನ್ನೆ ಬೈಕಿನಲ್ಲಿ ಹೋಗಿ ತೆಗೆದು ಕಳಿಸಿದೆ. ನಿನ್ನೆ ಉತ್ತರ ಬಂದಿದೆ. ಅಡಿಕೆಯನ್ನು ನೀವು ಬೇಯಿಸುವುದು ಯಾಕೆ ಅಂತ ಕೇಳಿದ್ದಾರೆ. ಅಪ್ಪಯ್ಯ ಚೊಗರಿನಿಂದ (ಅಡಿಕೆ ಬೇಯಿಸಿದಾಗ ಉಳಿಯುವ ಕೆಂಪು ರಸ) ಶುರು ಮಾಡಿದ್ದಾರೆ. ಚೊಗರು ಅನ್ನುವುದನ್ನು ಇಂಗ್ಲಿಷಿನಲ್ಲಿ ಹೇಗೆ ಬರೆಯಲಿ ಅಂತ ಯಾರಿಗಾದರೂ ಗೊತ್ತಿದ್ದರೆ ಹೇಳಿ. ಅವರು ಪಕ್ಕದಲ್ಲೇ ಕಾಯುತ್ತ ಕೂತಿದ್ದಾರೆ.